ಅರಿಶಿನದ ದುಡ್ಡು, ಕುಂಕುಮದ ದುಡ್ಡು

ಎಲ್ಲಾ ಊರುಗಳಂಥ ಒಂದು ಊರು. ಆ ಊರಿನಲ್ಲಿ ಅಂಕಮ್ಮ ಅಂತ ಒಬ್ಬ ಯಜಮಾನಿ ಇದ್ದಳಂತೆ. ಅವಳಿಗೆ ಜಗಲಿ ಬಿಟ್ಟು ಏಳದ ಒಬ್ಬ ಗಂಡ, ಮೂವರು ಗಂಡುಮಕ್ಕಳು, ಮೂವರು ಸೊಸೆಯರು, ಒಂದೇ ಒಂದು ಬೀಸುವ ಕಲ್ಲು.

ಕೋಳಿ ಕೂಗಿತೆಂದರೆ ಆ ಮನೆಯಲ್ಲಿ ಜಗಳ ಶುರುವಾಗುತ್ತಿತ್ತು. ಇವತ್ತು ರಾಗಿ ಬೀಸುವವರು ಯಾರು? ನಿನ್ನೆ ನಾನು ಬೀಸಿದೆ ಅಂತ ಹಿರಿಸೊಸೆ. ಮೊನ್ನೆಯಿಂದ ತೋಳು ಎತ್ತಲಾಗುತ್ತಿಲ್ಲ ಅಂತ ನಡುಸೊಸೆ. ಹೊಸದಾಗಿ ಬಂದಿದ್ದ ಕಿರಿಸೊಸೆ ಈರಕ್ಕ ಮಾತ್ರ ಮೊರ ಹಿಡಿದು ಸುಮ್ಮನೆ ನಿಂತಿರುತ್ತಿದ್ದಳಂತೆ. ಕೇಳಿ ಕೇಳಿ ಸಾಕಾದ ಅಂಕಮ್ಮ ಒಂದು ದಿನ ದೇವರ ಗೂಡಿನಿಂದ ಎರಡು ತಾಮ್ರದ ದುಡ್ಡು ತೆಗೆದಳು. ಎರಡಕ್ಕೂ ಒಂದು ಕಡೆ ಆನೆ, ಇನ್ನೊಂದು ಕಡೆ ಚಂದ್ರ.

"ದಿನಾ ಬೆಳಿಗ್ಗೆ ಎರಡನ್ನೂ ಒಟ್ಟಿಗೆ ಚಿಮ್ತೀನಿ. ಎರಡೂ ಆನೆ ಬಿದ್ದರೆ ಹಿರಿಯವಳು ಬೀಸಬೇಕು. ಎರಡೂ ಚಂದ್ರ ಬಿದ್ದರೆ ನಡುವಿನವಳು. ಒಂದು ಆನೆ ಒಂದು ಚಂದ್ರ ಬಿದ್ದರೆ ಕಿರಿಯವಳು. ಮೂವರಿಗೆ ಮೂರು ಬಗೆ. ಇನ್ನು ಯಾರೂ ಬಾಯಿ ತೆಗೀಬೇಡಿ."

ಯಾರೂ ತೆಗೆಯಲಿಲ್ಲ. ತನ್ನ ನ್ಯಾಯಕ್ಕೆ ತಾನೇ ಹಿಗ್ಗಿದ ಅಂಕಮ್ಮ ಅಡುಗೆಮನೆಯ ಸುಣ್ಣದ ಗೋಡೆಯ ಮೇಲೆ ಮೂರು ಸಾಲು ಮಾಡಿ, ಯಾರು ಬೀಸಿದರೋ ಅವರ ಸಾಲಿನಲ್ಲಿ ದಿನಕ್ಕೊಂದು ಇದ್ದಿಲ ಗೀಟು ಎಳೆಯತೊಡಗಿದಳು. ಬಂದವರಿಗೆಲ್ಲ ಆ ಗೋಡೆ ತೋರಿಸುತ್ತಿದ್ದಳಂತೆ.

ಎರಡು ತಿಂಗಳಾಯಿತು. ಗೋಡೆಯ ಮೇಲೆ ಅರವತ್ತು ಗೀಟು. ಹಿರಿಯವಳದು ಹದಿನಾಲ್ಕು, ನಡುವಿನವಳದು ಹದಿನಾರು, ಈರಕ್ಕನದು ಮೂವತ್ತು.

ದೇವರ ದುಡ್ಡು ಸುಮ್ಮಸುಮ್ಮನೆ ಒಬ್ಬಳನ್ನೇ ಹಿಡಿಯುತ್ತದೆಯೇ ಅಂತ ಹಿರಿಸೊಸೆ ಬಾವಿಕಟ್ಟೆಯಲ್ಲಿ ಪಿಸುಗುಟ್ಟಿದಳು. ಅದೇ ವಾರ ಕಾವಿಗಿಟ್ಟ ಮೊಟ್ಟೆಗಳೆಲ್ಲ ಕೆಟ್ಟವು, ಕರೀ ಹಸು ಹಾಲಿನ ತಂಬಿಗೆ ಒದ್ದಿತು. ಎಲ್ಲವೂ ಈರಕ್ಕನ ಕಾಲ್ಗುಣದ ತಲೆಗೆ ಬಂತು. ಅಂಕಮ್ಮ ಗೋಡೆ ನೋಡಿದಳು, ಸೊಸೆಯನ್ನು ನೋಡಿದಳು. ಬರುವ ಹುಣ್ಣಿಮೆಯ ಮಾರನೆಯ ದಿನ ಗಾಡಿ ಕಟ್ಟಿಸಿ ತವರಿಗೆ ಕಳಿಸುತ್ತೇನೆ, ಮತ್ತೆ ಕರೆಸುವುದಿಲ್ಲ ಅಂದಳು. ಈರಕ್ಕನ ಗಂಡ ಬಾಯಿ ತೆರೆದ. ತಾಯಿ ಅವನತ್ತ ತಿರುಗಿದಳು. ಅವನು ಬಾಯಿ ಮುಚ್ಚಿದ.

ಈರಕ್ಕನಿಗೆ ಆ ಮನೆ ಬಿಡಲು ಮನಸ್ಸಿಲ್ಲ. ಗಂಡ ಬಾಯಿಸತ್ತವನೇ, ಆದರೆ ಯಾರೂ ಏಳುವ ಮೊದಲು ಕಲ್ಲಿನ ಎದುರು ಕೂತು ಗೂಟಕ್ಕೆ ಕೈಜೋಡಿಸುತ್ತಿದ್ದ. ಅಂಥವನು ಬೇರೆಲ್ಲಿ ಸಿಗುತ್ತಾನೆ? ಅವಳು ಯೋಚನೆ ಮಾಡಿದಳು. ಈ ಎರಡು ದುಡ್ಡಿನಲ್ಲಿ ಒಂದಕ್ಕೆ ನನ್ನ ಮೇಲೆ ಹಗೆ ಇದೆ. ಯಾವುದು? ಎರಡೂ ಒಂದೇ ಥರ ಇವೆಯಲ್ಲ.

ದಿನಾ ಒಂದು ದುಡ್ಡಿಗೆ ಅರಿಶಿನ, ಇನ್ನೊಂದಕ್ಕೆ ಕುಂಕುಮ ಹಚ್ಚುತ್ತೇನೆ ಅಂತ ಅತ್ತೆಯನ್ನು ಕೇಳಿದಳು. ದೇವರ ದುಡ್ಡಿಗೆ ಅರಿಶಿನ ಕುಂಕುಮ ಬೇಡ ಅನ್ನುವ ಅತ್ತೆ ಯಾವ ಊರಿನಲ್ಲಿದ್ದಾಳೆ? ಹಚ್ಚು ಅಂದಳು. ಹಳೆಯ ಗೀಟುಗಳ ಕೆಳಗೆ ಹೊಸ ಸಾಲುಗಳು ಶುರುವಾದವು. ತನ್ನ ಸರದಿ ಬಂದಾಗ ಈರಕ್ಕ ಇದ್ದಿಲು ಬೇಡವೆಂದಳು. ಅರಿಶಿನದ ದುಡ್ಡು ಆನೆಯಾಗಿ ಬಿದ್ದ ದಿನ ಹಳದಿ ಗೀಟು, ಕುಂಕುಮದ ದುಡ್ಡು ಆನೆಯಾಗಿ ಬಿದ್ದ ದಿನ ಅದರ ಕೆಳಗೆ ಕೆಂಪು ಗೀಟು.

ಒಂದು ದಿನ ಹಳದಿ, ಎರಡು ದಿನ ಕೆಂಪು, ಮತ್ತೆ ಹಳದಿ. ಹುಣ್ಣಿಮೆ ಬಂತು. ಕಲ್ಲಿನ ಮುಂದೆ ಕೂತು ಈರಕ್ಕ ಎಣಿಸಿದಳು. ಹಳದಿ ಏಳು, ಕೆಂಪು ಎಂಟು. ಹಗೆ ಯಾವ ದುಡ್ಡಿಗೂ ಇಲ್ಲ. ಹಾಗಾದರೆ ಕೆಟ್ಟವಳು ನಾನೇ.

ಮತ್ತೊಮ್ಮೆ ಗೋಡೆ ನೋಡಿದಳು. ಹಿರಿಯಕ್ಕನದು ಎಂಟು, ನಡುವಿನಕ್ಕನದು ಏಳು, ಹಳದಿ ಏಳು, ಕೆಂಪು ಎಂಟು. ಮೂರು ಸಾಲಲ್ಲ, ನಾಲ್ಕು ಸಾಲು. ನಾಲ್ಕೂ ಹೆಚ್ಚುಕಡಿಮೆ ಒಂದೇ ಉದ್ದ. ಕೈಯಲ್ಲಿದ್ದ ರಾಗಿ ಕೈಯಲ್ಲೇ ಉಳಿಯಿತಂತೆ.

ಮಾರನೆಯ ದಿನ ಗಾಡಿ ಬಾಗಿಲಿಗೆ ಬಂತು. ಈರಕ್ಕ ಗಂಟು ಕೆಳಗಿಟ್ಟು, ಎರಡು ದುಡ್ಡನ್ನೂ ಹಿರಿಸೊಸೆಯ ಕೈಗೆ ಕೊಟ್ಟಳು.

"ಅಕ್ಕಾ, ಇವು ನೆಲಕ್ಕೆ ಎಷ್ಟು ಥರ ಬೀಳಬಹುದೋ ಅಷ್ಟು ಥರ ಇಟ್ಟು ತೋರಿಸು. ಆಮೇಲೆ ನಾನು ಹೊರಡ್ತೀನಿ."

ಅದೇನು ಮಹಾ ಅಂತ ಹಿರಿಸೊಸೆ ಕೂತಳು. ಎರಡೂ ಆನೆ ಇಟ್ಟಳು. ಎರಡೂ ಚಂದ್ರ ಇಟ್ಟಳು. ಹಳದಿ ಆನೆ, ಕೆಂಪು ಚಂದ್ರ ಇಟ್ಟಳು. ಕೆಂಪು ಆನೆ, ಹಳದಿ ಚಂದ್ರ ಇಟ್ಟಳು. ಐದನೆಯದಕ್ಕೆ ತಿರುಗಿಸಿದಳು, ಮಗುಚಿದಳು, ಬೆವರಿದಳು. ಇದ್ದದ್ದು ನಾಲ್ಕೇ.

"ನಾಲ್ಕರಲ್ಲಿ ನಿಂಗೆಷ್ಟು?" ಅಂದಳು ಈರಕ್ಕ.

"ಒಂದು."

"ನಡುವಿನಕ್ಕಂಗೆ?"

"ಒಂದು."

"ನಂಗೆ?"

ಉತ್ತರ ಕೊಟ್ಟದ್ದು ಅಂಕಮ್ಮ. ಅವಳು ಗೋಡೆಯ ಹತ್ತಿರ ಹೋಗಿ ಹಳೆಯ ಗೀಟು, ಹೊಸ ಗೀಟು ಎಲ್ಲವನ್ನೂ ಬೆರಳಿಟ್ಟು ಎಣಿಸಿದಳಂತೆ.

"ಎರಡು," ಅಂದಳು. "ನನ್ನ ಗೋಡೆ ಸರಿಯಾಗೇ ಹೇಳ್ತಿತ್ತು. ಓದೋಕೆ ಬರದೇ ಇದ್ದವಳು ನಾನು. ಗಾಡಿ ಬಿಚ್ಚಿ."

ಈ ಸಲ ಬಾಯಿಸತ್ತ ಮಗನೇ ಎಲ್ಲರಿಗಿಂತ ಮೊದಲು ಓಡಿ ಎತ್ತು ಬಿಚ್ಚಿದ.

ಇನ್ನು ನಾಲ್ಕನೆಯ ಬಗೆ ಯಾರದು? ತಪ್ಪು ಲೆಕ್ಕ ಹಾಕಿದ್ದು ನಾನು, ಕೆಂಪು ಆನೆ, ಹಳದಿ ಚಂದ್ರ ಬಿದ್ದ ದಿನ ಬೀಸುವವಳೂ ನಾನೇ ಅಂದಳು ಅಂಕಮ್ಮ. ಮಾರನೆಯ ಬೆಳಿಗ್ಗೆ ದುಡ್ಡು ಚಿಮ್ಮಿದರೆ ಬಿದ್ದದ್ದು ಕೆಂಪು ಆನೆಯೇ. ಅತ್ತೆ ಸೆರಗು ಸೊಂಟಕ್ಕೆ ಸಿಕ್ಕಿಸಿ ಕಲ್ಲಿನ ಮುಂದೆ ಕೂತಳು. ಸಹಾಯಕ್ಕೆ ಬಂದ ಈರಕ್ಕನನ್ನು, ನಿನ್ನ ಸರದಿಯಲ್ಲ, ಹೋಗಿ ಮಲಗು ಅಂತ ಅಟ್ಟಿದಳು.

ನಡುಸೊಸೆ ಆಗ ಕೇಳಿದಳಂತೆ:

"ಅತ್ತೆ, ದುಡ್ಡು ಬೀಳದೆ ಅಂಚಿನ ಮೇಲೆ ನಿಂತುಬಿಟ್ಟರೆ?"

"ನಿಂತ ದಿನ ನಿಮ್ಮ ಮಾವ ಬೀಸ್ತಾರೆ," ಅಂದಳು ಅಂಕಮ್ಮ.

ಅವತ್ತಿನಿಂದ ಜಗಲಿಯ ಮೇಲಿನ ಮಾವ ಕೋಳಿ ಕೂಗುವ ಮೊದಲೇ ಎದ್ದು ಕಿವಿಗೊಟ್ಟು ಕಾಯುತ್ತಿದ್ದರಂತೆ. ಒಳಗೆ ಒಂದು ದುಡ್ಡು ಬಿದ್ದ ಸದ್ದು, ಇನ್ನೊಂದು ದುಡ್ಡು ಬಿದ್ದ ಸದ್ದು. ಎರಡೂ ಉರುಳಿ ಮಲಗಿದವು ಅಂತ ಖಾತ್ರಿಯಾದ ಮೇಲೆಯೇ ಅವರು ಮಗ್ಗುಲು ಬದಲಿಸಿ ಕಂಬಳಿ ಎಳೆದುಕೊಳ್ಳುತ್ತಿದ್ದದ್ದು.

ಅವರ ರಾಗಿ ಅಲ್ಲಿ ಹಿಟ್ಟಾಯಿತು, ನಮ್ಮ ಕಥೆ ಇಲ್ಲಿ ಹೊತ್ತಾಯಿತು. ಅವರು ಉಂಡು ಕೈತೊಳೆದರು, ನಾವು ಕೇಳಿ ಮೇಲೇಳೋಣ.