ಅರ್ಜಿ ವಾಪಸ್ಸಿಗೆ ಒಂದು ಕಾರಣ

ಕೆರೆ ಊರಿನದು, ದಾರಿ ಊರಿನದು, ಗೇಟಿನ ಬೀಗ ಮಾತ್ರ ನೀಲನಗೌಡರದು. ಕುರಿಗಳಿಗೆ ನೀರು ತಪ್ಪಿತು. ಕುರಿ ಕಾಯುವ ಮುದುಕ ಹೈಕೋರ್ಟಿಗೆ ಅರ್ಜಿ ಹಾಕಿದ.

ಗೌಡರು ನಿಂತಿದ್ದ ಚುನಾವಣೆ ಹತ್ತಿರ ಬಂದಿತ್ತು. ಗೌಡರು ಅವನನ್ನು ಕರೆಸಿದರು.

"ನಾಳೆನ ಅರ್ಜಿ ವಾಪಸ್ ತಗೋ."

"ತಗೋತೀನ್ರಿ. ಆದ್ರ ಕಾರಣ ಬರದು ಇಬ್ಬರೂ ಸಹಿ ಹಾಕಬೇಕಂತ ವಕೀಲರು ಹೇಳ್ಯಾರ. ಗೌಡ್ರು ಅಂಜಿಸಿದ್ರು ಅಂತ ಬರಸಲೇನ್ರಿ?"

"ಹುಚ್ಚ, ನನ್ನ ಜೈಲಿಗೆ ಕಳಸ್ತೀ ಏನು?"

"ನನ್ನ ಕುರಿಗೆ ಈಗ ನೀರಡಿಕಿ ಆಗೂದಿಲ್ಲ ಅಂತ ಬರಸಲೇನ್ರಿ?"

"ಯಾವ ಜಡ್ಜ್ ನಂಬತಾನ ಅದನ್ನ?" ಗೌಡರು ಮೀಸೆ ತಿರುವಿ ಯೋಚಿಸಿದರು. "ಗೌಡರು ಬೀಗ ತಗದಾರ, ದಾರಿ ಬಿಟ್ಟಾರ ಅಂತ ಬರಸು. ನಂಬೂ ಹಂಗಿರಬೇಕು."

ಹಾಗೇ ಬರೆಸಿದರು. ಇಬ್ಬರೂ ಸಹಿ ಹಾಕಿದರು. ಕೋರ್ಟು ಅರ್ಜಿ ಮುಗಿಸಿತು.

ಮರುದಿನ ಬೆಳಗ್ಗೆ ಗೇಟಿನ ಮುಂದೆ ಎಂಬತ್ತು ಕುರಿ ನಿಂತಿದ್ದವು.

"ಅರ್ಜಿ ಹೋತಲ್ಲೋ, ಮತ್ಯಾಕ ಬಂದಿ?" ಎಂದರು ಗೌಡರು.

ಮುದುಕ ರುಮಾಲಿನಿಂದ ಕಾಗದ ತೆಗೆದ. "ಬೀಗ ತಗದೀನಿ ಅಂತ ಹೈಕೋರ್ಟಿಗೆ ಹೇಳೀರಿ. ನಿಮ್ಮ ಮಾತು ಸುಳ್ಳಾಗಬಾರದು ಅಂತ ಬಂದೀನ್ರಿ."

ಗೌಡರು ಕಾಗದವನ್ನು ಎರಡು ಸಲ ಓದಿದರು. ತಿರುಗಿಸಿ ಹಿಂಭಾಗವನ್ನೂ ನೋಡಿದರು. ಅಲ್ಲಿ ಏನೂ ಇರಲಿಲ್ಲ. ಬೀಗ ತೆಗೆದರು.

ಕುರಿಗಳು ದಾಟುತ್ತಿದ್ದಾಗ ಮೆಲ್ಲಗೆ ಕೇಳಿದರು: "ಅಲ್ಲೋ, ಅರ್ಜಿ ವಾಪಸ್ ತಗೊಂಡಾಂವ ನೀನು. ಸೋತಾಂವ ನಾನು ಹೆಂಗಾದೆ?"

"ನನಗೂ ತಿಳೀವಲ್ದ್ರಿ ಗೌಡ್ರ. ಕುರಿಗೆ ನೀರು ಕುಡಿಸಿಕೊಂಡು ಬಂದು ವಿಚಾರ ಮಾಡೂಣಂತ," ಎಂದ ಮುದುಕ.