ಧಣಿ ಬಾಗಿಲಲ್ಲಿ ವಿಷ ಇಳಿಸದ ಕೆಂಚಿ

ಒಂದಾನೊಂದು ಕಾಲದಲ್ಲಿ, ಕಲ್ಲುಗಳಿನ್ನೂ ಮೆತ್ತಗಿದ್ದಾಗ, ಕೆರೆ ಏರಿ ಕೆಳಗೆ ಹುಳುಗಳದೊಂದು ಊರಿತ್ತಂತೆ ಕಂದಾ. ಅಲ್ಲಿ ಕೆಂಚಿ ಅಂತ ಒಂದು ಹುಳ, ಹುಣಸೆಬೀಜಕ್ಕಿಂತ ಚಿಕ್ಕೋಳು. ಅವಳಿಗಿಬ್ಬರು ಗೆಳತಿಯರು: ಕೆಟ್ಟ ನಾತ ಬಿಡೋ ಹಸಿರಿ, ಮೊಣಕಾಲಲ್ಲಿ ಕಹಿ ರಕ್ತ ಜಿನುಗಿಸೋ ಗುಲಗಂಜಿ. ಮೂವರೂ ಬಸುರಿಯರು. ನೀರಿನಂಚಿನ ತಂಪಿಗೆ ಹೋಗಿ ಮೊಟ್ಟೆ ಇಡದಿದ್ರೆ ಒಣಗಿಹೋಗ್ತಾವೆ.

ಆದ್ರೆ ದಾರಿ ಮಧ್ಯೆ ಗೋಂಕುರು ಕಪ್ಪೆ ಧಣಿ ಕೂತಿದ್ದನಂತೆ. ಅವನ ಬಾಗಿಲು ದಾಟೋರು ಮೈಯೊಳಗಿನ ವಿಷ ಚೆಲ್ಲಿ, ತಲೆ ತಗ್ಗಿಸಿ ಹೋಗಬೇಕು. ನಮ್ಮ ಹಿರೀಕರು ಧಣಿಗಳ ಮನೆ ಮುಂದೆ ಚಪ್ಪಲಿ ಕೈಲಿ ಹಿಡ್ಕೊಂಡು ಹೋಗ್ತಿದ್ರಲ್ಲ, ಹಾಗೆ. ಅದನ್ನ ಮರ್ಯಾದೆ ಅಂತಿದ್ರಂತೆ. ಥೂ, ಯಾರ ಮರ್ಯಾದೆ!

ಮೊದಲು ಹಸಿರಿ ಹೋದಳಂತೆ, ಅಡ್ಡಬಿದ್ದೆ ಧಣಿ ಅಂತ ನಾತವನ್ನೆಲ್ಲ ಎಲೆ ಮೇಲೆ ಸುರಿದು ಕೈಮುಗಿದಳಂತೆ, ಧಣಿ ಲಬಕ್ಕನೆ ನುಂಗಿದನಂತೆ. ಆಮೇಲೆ ಗುಲಗಂಜಿ ಹೋಗಿ, ರಕ್ತ ಸುರಿಸಿ ಮೊಣಕಾಲು ಒರೆಸಿಕೊಂಡು ನಿಂತಳು, ಅವಳನ್ನೂ ನುಂಗಿದ. ಕಲ್ಲಿನ ಸಂದಿಯಿಂದ ಕೆಂಚಿ ಇದನ್ನೆಲ್ಲ ನೋಡ್ತಿದ್ದಳು. ಆದ್ರೂ ಹೊಟ್ಟೇಲಿ ಮೊಟ್ಟೆ ಇದಾವಲ್ಲ, ಹೊರಟಳಂತೆ.

ಏನೇ ಕೆಂಚಿ, ಇಳಿಸೇ ನಿನ್ನ ವಿಷಾನ ಅಂದನಂತೆ ಧಣಿ.

ನೀನು ಕೊಟ್ಟಿದ್ದಾ? ನಮ್ಮವ್ವ ಕೊಟ್ಟಿದ್ದು, ಇಳಿಸಲ್ಲ ಅಂದಳಂತೆ.

ನಿಮ್ಮಜ್ಜಿ ಇಳಿಸ್ತಿದ್ಲು ಕಣೇ ಅಂದ.

ಅದಕ್ಕೇ ನಂಗೆ ಅಜ್ಜಿ ಇಲ್ಲ ಅಂದಳು.

ಧಣಿ ನಾಲಿಗೆ ಬೀಸಿ ಅವಳನ್ನೂ ಗುಳುಂ ಮಾಡಿದ.

ಈಗ ಕೇಳು ಸೋಜಿಗ. ಕೆಂಚಿ ಮೈಯೊಳಗೆ ಒಂದು ಪುಟ್ಟ ಗಡಿಗೆ, ಅದರ ತುಂಬ ತಣ್ಣನೆ ವಿಷದ ರಸ. ಪಕ್ಕದಲ್ಲೇ ಗಟ್ಟಿ ಗೋಡೆಯ ಒಲೆಮನೆ. ರಸ ಅಲ್ಲಿಗೆ ಇಳಿದ್ರೆ ಸಾಕು, ಬೆಂಕಿ ಇಲ್ಲ, ಸೌದೆ ಇಲ್ಲ, ಎಸರಿನ ಹಾಗೆ ತಾನೇ ಕೊತಕೊತ ಕುದಿಯುತ್ತೆ. ಅವಳ ಮೈ ಮಾತ್ರ ಸುಡಲ್ಲ! ಸಾಸಿವೆಯಷ್ಟೂ ಇಲ್ಲದ ಒಲೆ ಕಂದಾ, ಯಾವ ಧಣಿ ಕಟ್ಟಿಯಾನು ಹೇಳು?

ಕಪ್ಪೆ ಹೊಟ್ಟೆಯ ಕತ್ತಲಲ್ಲಿ ಗೆಳತಿಯರು ಇನ್ನೂ ಮಿಸುಕಾಡ್ತಿದ್ರಂತೆ. ನನ್ನ ಹಿಂದೆ ನಿಲ್ಲಬೇಡ್ರೇ, ಮುಂದೆ ಬನ್ನಿ ಅಂತ ಕೂಗಿ, ಕೆಂಚಿ ಬಾಲದ ತುದಿ ತಿರುಗಿಸಿದಳಂತೆ. ಪಟ್! ಪಟ್! ಪಟ್! ಬಿಸಿ ಹೊಗೆ, ಉರಿ, ಘಾಟು. ಧಣಿ ಕಣ್ಣು ಗುಡ್ಡೆ ಹೊರಗೆ ಬಂದ್ವು, ವ್ಯಾಕ್ ಅಂತ ಕಾರಿಕೊಂಡ. ಮೂವರೂ ಲೋಳೆ ಸಮೇತ ಹುಲ್ಲಿಗೆ ಬಿದ್ರಂತೆ. ಧಣಿ ನಾಲಿಗೆಯನ್ನ ಮಣ್ಣಿಗೆ ಉಜ್ಜುತ್ತಾ ಉಜ್ಜುತ್ತಾ ಬಾಗಿಲು ಬಿಟ್ಟು ಓಡಿದನಂತೆ.

ಆಮೇಲೆ ಮೂವರೂ ತಂಪಲ್ಲಿ ಮೊಟ್ಟೆ ಇಟ್ಟರು, ಮರಿ ಆದ್ವು. ಯಾರ ಬಾಗಿಲಲ್ಲೂ ಇಳಿಸಬೇಡಿ ಅನ್ನೋದೇ ಆ ಮರಿಗಳಿಗೆ ಕೆಂಚಿ ಹೇಳಿದ ಮೊದಲ ಮಾತಂತೆ. ಅವಳ ಮೊಮ್ಮಕ್ಕಳು ಇವತ್ತಿಗೂ ಗಡಿಗೆ ತುಂಬಿಕೊಂಡು ಅದೇ ದಾರೀಲಿ ಓಡಾಡ್ತಾವಂತೆ, ಅವಕ್ಕೆಲ್ಲ ಅಜ್ಜಿ ಇದಾಳಂತೆ. ಅಲ್ಲಿಗೆ ಅವರ ದಾರಿ ತೆರೀತು, ಇಲ್ಲಿಗೆ ನನ್ನ ಕತೆ ಮುಗೀತು, ಕಣ್ಣು ಮುಚ್ಚು.