ಎರೆಹಳ್ಳದ ಕೂರದ ಕಟ್ಟೆ

ಎರೆಬೂದಿಹಾಳಿಗೆ ಬಸ್ಸಿನಲ್ಲಿ ಬಂದವರು ಇಳಿಯುವುದು ಎರೆಹಳ್ಳದ ಸೇತುವೆಯ ಈಚೆ ದಡದಲ್ಲಿ. ಅಲ್ಲೊಂದು ಬೇವಿನ ಮರ, ಅದರ ಬುಡಕ್ಕೆ ಸೊಂಟದೆತ್ತರದ ಕಲ್ಲುಕಟ್ಟೆ. ನೆರಳು ತಂಪು, ಚಪ್ಪಡಿ ನುಣುಪು, ಊರವರೆಲ್ಲ ಕಾಲು ಚಾಚುವಷ್ಟು ಅಗಲ. ಆದರೂ ಬಸ್ಸಿಗೆ ಕಾಯುವವರು ಅದರ ಪಕ್ಕದಲ್ಲೇ, ಈ ಕಾಲಿನ ಭಾರ ಆ ಕಾಲಿಗೆ ಹಾಕುತ್ತ, ನಿಂತೇ ಇರುತ್ತಾರೆ. ಕಟ್ಟೆಯ ನಡುವೆ ತೆಂಗಿನಕಾಯಿ ಗಾತ್ರದ ಒಂದು ಕರಿಕಲ್ಲಿದೆ. ಅದಕ್ಕೆ ಕುಂಕುಮವಿಲ್ಲ, ಹೂವಿಲ್ಲ; ಅದು ದೇವರಲ್ಲ. ಗೊತ್ತಿಲ್ಲದ ಪರವೂರಿನವರು ಅಲ್ಲಿ ಕೂತರೆ, ದನ ಹೊಡೆದುಕೊಂಡು ಹೋಗುವವರು ಕೂಡ ನಿಂತು, "ಏಳಪ್ಪಾ ತಂದೆ, ಕಲ್ಲು ಇನ್ನೂ ಐತಿ" ಎಂದು ಎಬ್ಬಿಸುತ್ತಾರೆ. ಯಾಕೆ ಎಂದು ಕೇಳಿದರೆ ಬಸ್ಸು ಬರುವುದರೊಳಗೆ ಹೇಳಿ ಮುಗಿಸುವ ಕಥೆಯಲ್ಲ ಅದು. ನಾನು ಈ ಊರಿಗೆ ಸೊಸೆಯಾಗಿ ಬಂದಾಗ ನನಗೂ ಒಬ್ಬರು ಕೂರಿಸಿಕೊಂಡೇ ಹೇಳಿದ್ದು. ಆದರೆ ಕಟ್ಟೆಯ ಮೇಲಲ್ಲ.

ಹಿಂದೆ ಒಮ್ಮೆ ಈ ಕಟ್ಟೆಯ ಮೇಲೆಯೇ ಊರಿನ ನ್ಯಾಯ ನಡೆಯುತ್ತಿತ್ತಂತೆ. ಯಾರಿಗೆ ತಕರಾರಿದೆಯೋ ಅವರು ತಕರಾರಿನ ಜಾಗದಿಂದಲೇ ಒಂದು ಕಲ್ಲು ತಂದು ಕಟ್ಟೆಯ ಮೇಲೆ ಇಡಬೇಕು. ಬದುವಿನ ಜಗಳವಾದರೆ ಬದುವಿನ ಕಲ್ಲು, ಬಾವಿಯದಾದರೆ ಬಾವಿಯ ಕಲ್ಲು. ಕಲ್ಲು ಇರುವತನಕ ಗೌಡನೇ ಇರಲಿ, ಶಾನುಭೋಗನೇ ಇರಲಿ, ಕೂರುವ ಹಾಗಿಲ್ಲ. ಮಂಡಿ ನೋವಿನ ಮುದುಕರೇ ನ್ಯಾಯ ಹೇಳುವವರಾದ್ದರಿಂದ ನ್ಯಾಯ ಬೇಗ ಬೇಗ ಮುಗಿಯುತ್ತಿತ್ತು. ತಕರಾರು ತಂದವನಿಗೆ ಒಪ್ಪಿಗೆಯಾದರೆ ಅವನ ಕೈಯಿಂದಲೇ ಕಲ್ಲು ಎತ್ತಿಸಿ, ಮೊದಲು ಅವನನ್ನು ಕೂರಿಸಿ, ಆಮೇಲೆ ಮಿಕ್ಕವರು ಕೂರುತ್ತಿದ್ದರು. ಕೂರಿಸಿದರು ಎಂದರೆ ಕೆಲಸ ಆಯಿತು ಎಂದೇ ಲೆಕ್ಕ.

ಅಂಥ ಊರಿನಲ್ಲಿ ಹಾಲಪ್ಪ ಎಂಬ ಹತ್ತಿ ವ್ಯಾಪಾರಿ ಇದ್ದ. ಮೈಯಲ್ಲಿ ಇರುವೆ ಬಿಟ್ಟುಕೊಂಡವನ ಹಾಗೆ ಸದಾ ಓಡಾಡುವ ಮನುಷ್ಯ. ಸಂಸ್ಥಾನದ ರಾಜಧಾನಿಯಲ್ಲಿ ಆಗ ವರ್ಷಕ್ಕೊಮ್ಮೆ ಸೀಮೆಸೀಮೆಯ ಪ್ರತಿನಿಧಿಗಳ ದೊಡ್ಡ ಸಭೆ ಸೇರುತ್ತಿತ್ತು. ಕಂದಾಯ ಜಾಸ್ತಿ ಕಟ್ಟುವವರು ಮಾತ್ರ ಮತ ಹಾಕುವ ಕಾಲ. ಅವರು ಈ ಓಡಾಟದವನನ್ನೇ ಆರಿಸಿ ಕಳಿಸಿದರು. ಅವತ್ತಿನಿಂದ ಅವನು ಮೆಂಬರ್ ಹಾಲಪ್ಪನಾದ. ಹೊಸ ರುಮಾಲು, ಉದ್ದ ಕೋಟು ಹಾಕಿಕೊಂಡು ಅವನು ಕೇಳಲು ಹೊರಟಿದ್ದು ಒಂದೇ: ಎರೆಹಳ್ಳಕ್ಕೆ ಸೇತುವೆ. ಮಳೆ ಹಿಡಿದರೆ ಈ ಹಳ್ಳ ಊರನ್ನು ಎರಡು ಹೋಳು ಮಾಡುತ್ತಿತ್ತು. ಆಚೆ ದಡದ ಕೇರಿಗೆ ಅವನ ಒಬ್ಬಳೇ ಮಗಳು ಕೊಟ್ರವ್ವನನ್ನು ಮದುವೆ ಮಾಡಿ ಕೊಟ್ಟಿತ್ತು. ಈಚೆ ಇದ್ದ ಅವನ ಹೆಂಡತಿ ಕೆಂಚವ್ವ ಸುತ್ತಲ ಹಳ್ಳಿಗಳಿಗೆಲ್ಲ ಸೂಲಗಿತ್ತಿ.

ಹಾಲಪ್ಪ ಹಳ್ಳದ ಕಲ್ಲೊಂದನ್ನು ಪಂಚೆಯಲ್ಲಿ ಸುತ್ತಿಕೊಂಡು ಹೋಗಿ, ತನ್ನ ಸರದಿ ಬಂದಾಗ ಸಭೆಯ ಮೇಜಿನ ಮೇಲಿಟ್ಟನಂತೆ. ಎಲ್ಲರೂ ಏಳುತ್ತಾರೆ ಎಂದು ಕಾದ. ಯಾರೂ ಏಳಲಿಲ್ಲ, ನಕ್ಕರು. ಅವನು ನಿಂತೇ ತನ್ನ ಹಳ್ಳದ ಸಂಕಟವನ್ನೆಲ್ಲ ಹೇಳಿದ. ಕೇಳಿ ಮುಗಿಸಿದ ದೊಡ್ಡ ಅಧಿಕಾರಿ, "ಒಳ್ಳೆಯದು ಯಜಮಾನರೇ, ನೋಡೋಣ" ಎಂದು ಕೈಸನ್ನೆ ಮಾಡಿದರು. ಡವಾಲಿ ಪಟ್ಟಿ ಹಾಕಿದ ಜವಾನ ಕುರ್ಚಿ ಎಳೆದು ಅವನನ್ನು ಕೂರಿಸಿದ. ಅಷ್ಟು ಸಾಕಾಯಿತು ನಮ್ಮ ಮೆಂಬರಿಗೆ. ಕಲ್ಲನ್ನು ತಾನೇ ಎತ್ತಿ ಮಡಿಲಲ್ಲಿಟ್ಟುಕೊಂಡ. ಊರಿಗೆ ಬಂದು ಸೇತುವೆ ಆಯಿತೆಂದು ಡಂಗುರ ಹೊಡೆಸಿದ, ಹೋಳಿಗೆ ಊಟ ಹಾಕಿಸಿದ. ಸೇತುವೆ ಬಂದ ಮೇಲೆ ಹರಿಗೋಲು ಯಾಕೆ ಎಂದು, ಹಳ್ಳ ದಾಟಿಸಲು ಇದ್ದೊಂದು ಹರಿಗೋಲಿನ ತೊಗಲು ಬಿಚ್ಚಿಸಿ ಬಾವಿಯಿಂದ ನೀರೆತ್ತುವ ಕಪಿಲೆಗೆ ಹೊಲಿಯಲು ಕೊಟ್ಟ.

ಕೆಂಚವ್ವನಿಗೆ ಮಾತ್ರ ಒಳಗೇ ಕಸಿವಿಸಿ. "ಸೇತುವೆ ಕಣ್ಣಿಗೆ ಕಾಣ್ಲಿ, ಆಮೇಲೆ ಬಿಚ್ಚಿಸ್ರಿ" ಎಂದಳು.

"ಸರ್ಕಾರನೇ ಕುರ್ಚಿ ಎಳೆದು ಕೂರಿಸೈತಿ. ಇನ್ನೇನು ಬೇಕೇ ನಿನಗೆ?" ಎಂದ ಹಾಲಪ್ಪ.

"ಕುರ್ಚಿ ಮೇಲೆ ಹಳ್ಳ ದಾಟಕ್ಕೆ ಆಗ್ತೈತೇನ್ರಿ?" ಎಂದವಳು ಒಲೆಯ ಕಡೆ ತಿರುಗಿದಳು.

ಆ ವರ್ಷ ಕೊಟ್ರವ್ವ ಚೊಚ್ಚಲ ಬಸುರಿ. ಹೆರಿಗೆಗೆ ತೌರಿಗೆ ಕರೆತರಲು ದಿನ ನೋಡಿದ್ದರು. ದಿನಕ್ಕೆ ಮೊದಲೇ ಮಳೆ ಬಂತು. ಕಪ್ಪು ಮಣ್ಣು ಕಲಸಿದ ನೀರು ದಡ ಮೀರಿ ನುಗ್ಗಿತು. ಆಚೆಯಿಂದ ಕೂಗು ಬಂತು, ನೋವು ಶುರುವಾಗಿದೆ ಎಂದು. ದಾಟಲು ಹರಿಗೋಲಿಲ್ಲ. ಕೆಂಚವ್ವ ಈ ಕಟ್ಟೆ ಹತ್ತಿ ನಿಂತಳು. ಆಚೆಯ ಹೆಂಗಸರು ದಡದಿಂದ ಕೊಟ್ರವ್ವನ ಮನೆ ಬಾಗಿಲವರೆಗೆ ಸಾಲಾಗಿ ನಿಂತರು. "ಬೆನ್ನು ನೀವ್ರೇ! ಮಲಗಿಸಬ್ಯಾಡ್ರಿ, ಹಗ್ಗ ಹಿಡಿಸಿ ನಿಲ್ಲಿಸ್ರೇ!" ಎಂದು ಇವಳು ನೀರಿನ ಮೇಲೆ ಕೂಗುವಳು, ಆ ಮಾತು ಬಾಯಿಂದ ಬಾಯಿಗೆ ಮನೆಯೊಳಗೆ ಹೋಗುವುದು, ಮಗಳ ಸ್ಥಿತಿ ಅದೇ ಸಾಲಿನಲ್ಲಿ ವಾಪಸು ಬರುವುದು. ಬೆಳಗಿನಿಂದ ಹೊತ್ತು ಇಳಿಯುವತನಕ ಹೀಗೆ ನಡೆಯಿತು. ಹಾಲಪ್ಪ ಅಷ್ಟು ಹೊತ್ತೂ ಕಟ್ಟೆಯನ್ನು ಗಾಣದೆತ್ತಿನ ಹಾಗೆ ಸುತ್ತುತ್ತಿದ್ದ. ಕೊನೆಗೆ ಆಚೆ ದಡದಲ್ಲಿ ಒಬ್ಬಳು ಬಟ್ಟೆಯಲ್ಲಿ ಸುತ್ತಿದ ಕೂಸನ್ನು ತಲೆಯ ಮೇಲೆ ಎತ್ತಿ ತೋರಿಸಿದಳು. "ನನ್ನ ಮಗಳು?" ಎಂದು ಕೆಂಚವ್ವ ಕೂಗಿದಳು. ಆ ಮಾತು ಸಾಲಿನಲ್ಲಿ ಒಳಗೆ ಹೋಯಿತು. ಸಾಲಿನ ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿದರು. ಉತ್ತರ ಈಚೆಗೆ ಬರಲೇ ಇಲ್ಲ.

ಕೆಂಚವ್ವ ಅಳಲಿಲ್ಲ ಎನ್ನುತ್ತಾರೆ. ಕಟ್ಟೆಯಿಂದಿಳಿದು, ಹಳ್ಳದ ದಡದಿಂದ ಒಂದು ಕರಿಕಲ್ಲು ಎತ್ತಿ ತಂದು ಕಟ್ಟೆಯ ನಡುವೆ ಇಟ್ಟಳು. ಮುದುಕರು ಬೆಚ್ಚಿ, "ಯಾರ ಮೇಲವ್ವಾ ತಕರಾರು?" ಎಂದರು.

"ಕೂತು ಬಂದೋರ ಮೇಲೆ" ಎಂದಳು.

ಅಂದಿನಿಂದ ಹಾಲಪ್ಪ ಕೂರಲಿಲ್ಲ. ನಿಂತೇ ಉಂಡ, ಗಾಡಿಯಲ್ಲೂ ಗೂಟ ಹಿಡಿದು ನಿಂತೇ ಹೋದ. ಮಲಗಿದರೂ ನಡುವೆ ಎದ್ದು ಅಂಗಳ ಅಳೆಯುತ್ತಿದ್ದ. ಮತ ಹಾಕುವವರು ಮತ್ತೆ ಮತ್ತೆ ಅವನನ್ನೇ ಆರಿಸಿದರು, ಅವನು ಪ್ರತಿ ವರ್ಷ ರಾಜಧಾನಿಗೆ ಹೋಗಿ ಸಭೆ ಮುಗಿಯುವತನಕ ಹಿಂದಿನ ಕಂಬದ ಹತ್ತಿರ ನಿಂತ. ಜವಾನ ಕುರ್ಚಿ ತಂದರೆ, "ಬ್ಯಾಡಪ್ಪಾ, ಊರಾಗೆ ಕಲ್ಲು ಐತಿ" ಎನ್ನುತ್ತಿದ್ದ. ಮೊದಲು ನಗುತ್ತಿದ್ದವರು ಬರಬರುತ್ತ ಅವನ ಕಡೆ ಬೆನ್ನು ಮಾಡಿ ಕೂರಲು ಮುಜುಗರಪಟ್ಟರು. ಒಂದು ವರ್ಷ ಬೇರೆ ಸೀಮೆಯ ಮುದುಕ ಪ್ರತಿನಿಧಿಯೊಬ್ಬರು ಕೋಲೂರಿ ಎದ್ದು ಅವನ ಪಕ್ಕ ನಿಂತರಂತೆ; ಆಮೇಲೆ ಇನ್ನೊಬ್ಬರು, ಮತ್ತೊಬ್ಬರು. ಸಭೆಯೇ ಎದ್ದು ನಿಂತಿತು ಎನ್ನುವವರೂ ಇದ್ದಾರೆ. ಅದು ಹೇಗೋ, ಆ ಬೇಸಿಗೆಯಲ್ಲಿ ಅಳತೆಯ ಸರಪಳಿ ಹಿಡಿದ ಇಂಜಿನಿಯರು ಎರೆಹಳ್ಳಕ್ಕೆ ಇಳಿದಿದ್ದು ನಿಜ.

ಸೇತುವೆ ಮುಗಿದ ದಿನ ಊರೆಲ್ಲ ಕಟ್ಟೆಯ ಸುತ್ತ ಸೇರಿತು. ಹಾಲಪ್ಪ ಹೆಂಡತಿಯ ಮುಂದೆ ರುಮಾಲು ತೆಗೆದು ನಿಂತ. ಕಾಲುಗಳು ಬಾತು ಕಂಬದ ಹಾಗಾಗಿದ್ದವು. ಆಗ ಆಚೆ ಕೇರಿಯಲ್ಲೇ ಬೆಳೆಯುತ್ತಿದ್ದ ತಾಯಿಯಿಲ್ಲದ ಕೂಸು, ಮರಿಕೊಟ್ರವ್ವ, ಸೇತುವೆಯ ಮೇಲೆ ತಾನೇ ಓಡಿ ಬಂದು, ಯಾರಾದರೂ ತಡೆಯುವ ಮೊದಲೇ ಕಟ್ಟೆ ಹತ್ತಿ ಕಲ್ಲಿನ ಪಕ್ಕ ಕೂತುಬಿಟ್ಟಿತು. ಕೆಂಚವ್ವ ಮೊಮ್ಮಗಳ ತಲೆ ಸವರಿದಳು, ಕಲ್ಲಿಗೆ ಕೈ ಹಾಕಲಿಲ್ಲ.

"ಕಲ್ಲು ನಾನು ಎತ್ತಲ್ರಿ. ಎತ್ತಿದ್ರೆ ಮುಗೀತು ಅಂತ ನೀವು ಮನೇಲಿ ಇದ್ದುಬಿಡ್ತೀರಿ. ಮ್ಯಾಗಳ ಊರಿನ ಹಳ್ಳಕ್ಕೂ ಸೇತುವೆ ಇಲ್ಲ, ಅಲ್ಲೂ ಬಸುರೇರು ಅದಾರೆ" ಎಂದಳು. ಆಮೇಲೆ ಕಟ್ಟೆಯ ಕೆಳಗೆ, ನೆಲದ ಮೇಲೆ ತಾನು ಮೊದಲು ಕೂತು, ಪಕ್ಕದ ಮಣ್ಣನ್ನು ಅಂಗೈಯಿಂದ ಸವರಿ, "ನಾಳೆ ಹೋಗೀರಂತೆ. ಈಗ ಕೂತು ನೀರು ಕುಡೀರಿ" ಎಂದಳು. ಹಾಲಪ್ಪ ಮರದ ಬೇರು ಹಿಡಿದು ಮೆಲ್ಲಗೆ ಇಳಿದು ಅವಳ ಪಕ್ಕ ಕೂತ.

ಅವನು ಮರುದಿನವೇ ಹೊರಟನೆಂದೂ, ಸಾಯುವತನಕ ಊರೂರ ಸೇತುವೆಗೆ ಅಲೆದನೆಂದೂ ಹೇಳುತ್ತಾರೆ. ಮರಿಕೊಟ್ರವ್ವ ನನ್ನ ಅತ್ತೆ. ಈ ಕಥೆಯನ್ನು ಆಕೆ ನನಗೆ ಹೇಳಿದ್ದು ಕಟ್ಟೆಯ ಕೆಳಗೆ ಕೂರಿಸಿಕೊಂಡು. ಅಲ್ಲಿ ಈಗಲೂ ಎರಡು ಮೋಟು ಚಪ್ಪಡಿಗಳು ಒತ್ತೊತ್ತಾಗಿವೆ. ಕಾಲು ಸೋತವರು ಅಲ್ಲಿ ಕೂರುತ್ತಾರೆ. ಕಟ್ಟೆಯ ಸುತ್ತ ಹಾಲಪ್ಪ ಸುತ್ತಿದ ಜಾಡು ಎಂದು ತೋರಿಸುವ ತಗ್ಗಿನಲ್ಲಿ ಮಳೆನೀರು ನಿಲ್ಲುತ್ತದೆ. ಮೇಲೆ ಕರಿಕಲ್ಲು ಇದ್ದಲ್ಲೇ ಇದೆ. ಎಲ್ಲಾದರೂ ಒಮ್ಮೆ, ಬಸ್ಸಿಗೆ ಕಾದು ಬೇಸತ್ತ ಪುಟ್ಟ ಹುಡುಗಿಯೊಬ್ಬಳು ಅವ್ವನ ಸೆರಗು ಬಿಟ್ಟು ಕಟ್ಟೆ ಹತ್ತಿ ಕಲ್ಲಿನ ಪಕ್ಕ ಕಾಲಾಡಿಸುತ್ತ ಕೂರುತ್ತಾಳೆ. ಅವಳಿಗೆ ಮಾತ್ರ ಯಾರೂ ಏಳು ಎನ್ನುವುದಿಲ್ಲ.